ಹಾರನ್ ಬಿಚ್ಚಿಕೊಂಡ ಮೇಲೆ

ತೆರಿಗೆ ಕಟ್ಟದೆ ಗಾಡಿ ಕಳೆದುಕೊಂಡವರು ಬೇಕಾದಷ್ಟು ಜನ ಇದ್ದಾರೆ. ತೆರಿಗೆ ಕಟ್ಟಲು ಹೋಗಿ ಗಾಡಿ ಕಳೆದುಕೊಂಡು ಬಂದವಳು ಬ್ರೆಡ್ಡಕ್ಕ ಒಬ್ಬಳೇ. ಅದೂ ಗಡುವು ಇನ್ನೂ ದೂರವಿರುವಾಗಲೇ, ಬೆಳಗಿನ ಬ್ರೆಡ್ಡೆಲ್ಲ ಮಾರಿ ಮುಗಿಸಿ, ಗಾಡಿಯೊಳಗಿನ ಚೂರುಪಾರು ಗುಡಿಸಿ, ಗಾಜು ಒರೆಸಿ, ತಾನೂ ಒಗೆದ ಬಟ್ಟೆ ತೊಟ್ಟು ಹೋಗಿದ್ದಳು. ಸಾರಿಗೆ ಕಚೇರಿಯ ಕಿಟಕಿಯ ಮುಂದೆ ನಿಂತಾಗ ಅವಳ ಮುಖದಲ್ಲಿ ಸ್ವಲ್ಪ ಹೆಮ್ಮೆಯೂ ಇತ್ತು ಅನ್ನಬೇಕು. ಹಿಂದೆ ಮುಂದೆ ನಿಂತವರೆಲ್ಲ ದಂಡ ಕಟ್ಟಲು ಬಂದವರು, ತಾನೊಬ್ಬಳೇ ಮರ್ಯಾದೆಯಿಂದ ಬಂದವಳು ಎಂದುಕೊಂಡಿದ್ದಳು.

ಕಿಟಕಿಯಾಚೆಯ ಗುಮಾಸ್ತ ಗಾಡಿಯ ನಂಬರು ಒತ್ತಿದ. ಪರದೆ ನೋಡಿದ. ಅವಳನ್ನು ನೋಡಿದ. ಮತ್ತೆ ಪರದೆ ನೋಡಿದ.

"ನಿಮ್ಮ ಇನ್ನೊಂದು ಗಾಡಿದು ಬಾಕಿ ಇದೆಯಲ್ಲಮ್ಮ."

"ಯಾವ ಇನ್ನೊಂದು? ನಂಗಿರೋದು ಇದೊಂದೇ."

"ನೀಲಿ ವ್ಯಾನು. ವರ್ಷಗಟ್ಟಲೆ ತೆರಿಗೆ ಕಟ್ಟಿಲ್ಲ. ಮೊನ್ನೆ ರಸ್ತೇಲಿ ಹಿಡಿದು ತಂದಿದ್ದಾರೆ. ಹಿಂದೆ ಅಂಗಳದಲ್ಲಿದೆ, ಬೇಕಾದ್ರೆ ನೋಡ್ಕೊಂಡು ಬನ್ನಿ."

"ಅಯ್ಯೋ, ಅದನ್ನ ಮಾರಿ ಯಾವ ಕಾಲ ಆಯ್ತು!"

"ಇರಬಹುದು. ಹೆಸರು ನಿಮ್ದೇ ಇದೆ."

ಅಂಗಳದ ಮೂಲೆಯಲ್ಲಿ, ಹಿಡಿದು ತಂದ ಲಾರಿ, ಸ್ಕೂಟರುಗಳ ನಡುವೆ, ಅವಳ ಹಳೆಯ ನೀಲಿ ವ್ಯಾನು ಒಂದು ಟೈರು ಕುಸಿದು ವಾಲಿಕೊಂಡು ನಿಂತಿತ್ತು. ಬಣ್ಣ ಎಲ್ಲೆಂದರಲ್ಲಿ ಎದ್ದುಹೋಗಿತ್ತು. ಅವಳು ನೋಡುತ್ತಿರುವಂತೆಯೇ ಅವಳ ಹೊಸ ಬಿಳಿ ಗಾಡಿಯನ್ನೂ ತಂದು ಅದರ ಪಕ್ಕಕ್ಕೆ ನಿಲ್ಲಿಸಿ ಬೀಗದ ಕೈ ಕಿತ್ತುಕೊಂಡರು. ತಪ್ಪು ಮಾಡಿದ ಅಕ್ಕನ ಜೊತೆ ಏನೂ ಅರಿಯದ ತಂಗಿಯನ್ನೂ ಗೋಡೆಗೆ ನಿಲ್ಲಿಸಿದ ಹಾಗಿತ್ತು. ಬಾಕಿ ಕಟ್ಟಿದರೆ ಎರಡೂ ಗಾಡಿ ಬಿಡುತ್ತೇವೆ, ಕಟ್ಟದಿದ್ದರೆ ಬಿಳಿಯದನ್ನು ಹರಾಜು ಹಾಕುತ್ತೇವೆ, ನೀಲಿಯದನ್ನು ಯಾರೂ ಕೊಳ್ಳುವುದಿಲ್ಲ ಎಂದು ಗುಮಾಸ್ತ ತಿಳಿಸಿ ಹೇಳಿದ. ತಕರಾರಿದ್ದರೆ ಮೇಲಿನ ಮಹಡಿಯಲ್ಲಿ ಅರ್ಜಿ ಕೊಡಿ, ವಿಚಾರಣೆ ನಡೆಸುತ್ತಾರೆ ಎಂದೂ ಹೇಳಿದ. ಬಾಕಿ, ಅದರ ಮೇಲೆ ದಂಡ, ದಂಡದ ಮೇಲೆ ಬಡ್ಡಿ ಸೇರಿ ಆದ ಮೊತ್ತ ಕೇಳಿ ಬ್ರೆಡ್ಡಕ್ಕ ಅಲ್ಲೇ ಇದ್ದ ಕಲ್ಲಿನ ಕಟ್ಟೆ ಮೇಲೆ ಕುಸಿದು ಕೂತಳು. ಒಲೆ ಸಮೇತ ಮನೆ ಮಾರಿದರೂ ಅಷ್ಟು ಹುಟ್ಟುತ್ತಿರಲಿಲ್ಲ.

ನಡೆದುಕೊಂಡೇ ಮನೆಗೆ ಬಂದಳು. ಮನೆಯ ಬ್ರೆಡ್ ಒಲೆ ಅವಳ ಗಂಡ ಕಟ್ಟಿದ್ದು. ಅವನು ತೀರಿಕೊಂಡ ಮೇಲೆ ಅವನ ತಂಗಿ, ಅಂದರೆ ಬ್ರೆಡ್ಡಕ್ಕನ ನಾದಿನಿ, ಬ್ರೆಡ್ ಸುಡುತ್ತಾಳೆ. ಅತ್ತಿಗೆ ಗಾಡಿಯಲ್ಲಿ ತುಂಬಿಕೊಂಡು ಬೀದಿ ಬೀದಿ ಮಾರುತ್ತಾಳೆ. ಇಬ್ಬರೂ ಒಂದೇ ಸೂರಿನಡಿ ಇದ್ದು ಜುಟ್ಟು ಹಿಡಿದುಕೊಳ್ಳದೆ ಬಾಳುತ್ತಿರುವುದು ಬೀದಿಯವರಿಗೆಲ್ಲ ಸೋಜಿಗ. ಬಿಳಿ ಗಾಡಿ ಕೊಳ್ಳಲು ನಾದಿನಿ ಕೈಯ ಬಳೆಗಳನ್ನೂ ಕಳಚಿ ಕೊಟ್ಟಿದ್ದಳು. ಆ ಗಾಡಿ ಹೋದರೆ ಒಲೆ ಆರುತ್ತದೆ ಎಂದು ಇಬ್ಬರಿಗೂ ಗೊತ್ತಿತ್ತು.

"ಮಾರುವಾಗ ಕಾಗದಕ್ಕೆ ಸಹಿ ಹಾಕ್ಲಿಲ್ವಾ ಅತ್ತಿಗೆ?" ನಾದಿನಿ ಹಿಟ್ಟಿನ ಕೈಯಲ್ಲೇ ಕೇಳಿದಳು.

"ಹಾಕ್ದೆ. ಹಾಕಿ ಅವನ ಕೈಗೇ ಕೊಟ್ಟೆ. ಕಚೇರಿಗೆ ನಾನು ಮುಟ್ಟಿಸ್ತೀನಿ, ನೀವ್ಯಾಕೆ ಅಲೀತೀರ ಅಕ್ಕ ಅಂದ."

"ಮುಟ್ಟಿಸಿದ್ನಾ ಅಂತ ಆಮೇಲೆ ನೋಡ್ಲಿಲ್ವಾ?"

"ಹಾರನ್ ಬಿಚ್ಕೊಂಡು ಬಂದ್ಮೇಲೆ ಇನ್ನೇನು ನೋಡೋದು?"

ನಾದಿನಿ ಮತ್ತೆ ಹಿಟ್ಟು ನಾದತೊಡಗಿದಳು. ಅವಳಾದರೂ ಹಾಗೇ ಮಾಡುತ್ತಿದ್ದಳು.

ಈ ಹಾರನ್ನಿನ ವಿಷಯ ಸ್ವಲ್ಪ ಹೇಳಬೇಕು. ಆ ಊರಿನಲ್ಲಿ ಬ್ರೆಡ್ ಮಾರುವವರು ಬಾಯಲ್ಲಿ ಕೂಗುವುದಿಲ್ಲ. ಒಬ್ಬೊಬ್ಬರದು ಒಂದೊಂದು ಹಾರನ್, ಒಂದೊಂದು ರಾಗ. ಮನೆಯವರು ಹಾಸಿಗೆಯಲ್ಲೇ ಕಿವಿಗೊಟ್ಟು, ಇದು ಇಂಥವರದು ಎಂದು ಗುರುತು ಹಿಡಿದು, ಚೀಲ ಹಿಡಿದು ಹೊರಗೆ ಬರುತ್ತಾರೆ. ಯಾವ ಹಾರನ್ ಯಾವ ಬೀದಿಯಲ್ಲಿ ಮೊದಲಿನಿಂದ ಕೂಗುತ್ತಿದೆಯೋ ಆ ಬೀದಿ ಆ ಹಾರನ್ನಿನದು. ಇನ್ನೊಬ್ಬ ಅಲ್ಲಿಗೆ ಕಾಲಿಡುವುದಿಲ್ಲ. ಸಂಬಳದ ಡ್ರೈವರು ಎಷ್ಟು ವರ್ಷ ದುಡಿದರೂ ಊದುವುದು ಮಾಲೀಕರ ಹಾರನ್ನೇ. ಹೀಗಾಗಿ ಈ ಕಸುಬಿನವರು ಗಾಡಿ ಮಾರುತ್ತಾರೆ, ಹಾರನ್ ಮಾರುವುದಿಲ್ಲ. ದುಡ್ಡು ಕೈಗೆ ಬಂದ ಮೇಲೆ ಮಾರಿದವರು ಸ್ಕ್ರೂಡ್ರೈವರ್ ತಗೊಂಡು ಎಲ್ಲರೆದುರು ತಮ್ಮ ಹಾರನ್ ಬಿಚ್ಚಿಕೊಳ್ಳುತ್ತಾರೆ. ಅಲ್ಲಿಗೆ ವ್ಯವಹಾರ ಮುಗಿಯಿತು. ಸರ್ಕಾರದ ಪುಸ್ತಕ ಅಂತ ಒಂದಿದೆ, ಅದರಲ್ಲೂ ಹೆಸರು ಬದಲಾಗಬೇಕು ಎನ್ನುವುದು ಅವರಿಗೆ ಗೊತ್ತಿಲ್ಲವೆಂದಲ್ಲ. ಅದು ಅವರ ತಲೆಯಲ್ಲಿ ಒಂದು ಕೆಲಸ ಎಂದು ಕೂತೇ ಇರಲಿಲ್ಲ. ಬುದ್ಧಿವಂತರು ನಗಬಹುದು, ನಗಲಿ.

ಆ ನೀಲಿ ವ್ಯಾನು ಕೊಂಡವನಿಗೆ ಊರವರು ಇಟ್ಟ ಹೆಸರು ದೊರೆ. ಬ್ರೆಡ್ ಮಾರಲು ಹೋಗುವಾಗಲೂ ಇಸ್ತ್ರಿ ಮಾಡಿದ ಅಂಗಿ, ಕಾಲರ್ ಮಡಿಕೆ ಕೆಡಬಾರದೆಂದು ಕತ್ತು ತಿರುಗಿಸದೆ ಇಡೀ ಮೈಯನ್ನೇ ತಿರುಗಿಸುವ ಗತ್ತು. ಮೊದಲು ಅವನು ಬ್ರೆಡ್ಡಕ್ಕನ ಬಳಿಯೇ ಸಂಬಳಕ್ಕೆ ಡ್ರೈವರಾಗಿದ್ದ. ಸ್ವಂತ ಬೀದಿ ಮಾಡಿಕೊಳ್ಳುವ ಆಸೆ ಹುಟ್ಟಿದಾಗ ಅವಳೇ ಬೆನ್ನು ತಟ್ಟಿ, ಕಡಿಮೆ ಬೆಲೆಗೆ ವ್ಯಾನು ಕೊಟ್ಟಿದ್ದಳು. ಅವನು ಕುಶಲಕರ್ಮಿಯೊಬ್ಬನ ಹತ್ತಿರ ಮೂರು ಸ್ವರದ ಹೊಸ ಹಾರನ್ ಮಾಡಿಸಿ ಹಾಕಿಸಿಕೊಂಡು, ಊರಿನ ಹೊಸ ಬಡಾವಣೆಗಳನ್ನು ತನ್ನದು ಮಾಡಿಕೊಂಡಿದ್ದ. ಆ ಹಾರನ್ನಿನ ಮೇಲೆ ಅವನಿಗಿದ್ದ ಮಮಕಾರ ಹೆತ್ತ ಮಕ್ಕಳ ಮೇಲೂ ಇತ್ತೋ ಇಲ್ಲವೋ.

ಬ್ರೆಡ್ಡಕ್ಕ ಮರುದಿನವೇ ಅವನ ಮನೆಗೆ ಹೋದಳು. ದೊರೆ ಬಾಡಿಗೆ ಆಟೋ ಒಂದಕ್ಕೆ ಬ್ರೆಡ್ ಪೆಟ್ಟಿಗೆ ಕಟ್ಟುತ್ತಿದ್ದ. ನೀಲಿ ವ್ಯಾನನ್ನು ಹಿಡಿದಾಗ ತನ್ನ ಹಾರನ್ ಮಾತ್ರ ಬಿಚ್ಚಿಕೊಂಡು ಬಂದು ಅದಕ್ಕೆ ಜೋಡಿಸಿದ್ದ.

"ತೆರಿಗೆ ಕಟ್ಟಿಲ್ವಂತಲ್ಲೋ? ಕಾಗದ ಕೊಟ್ಟಿಲ್ವಂತೆ?"

"ಯಾವ ಕಾಗದ ಅಕ್ಕ?" ದೊರೆ ಮೈಯನ್ನೆಲ್ಲ ತಿರುಗಿಸಿ ಅವಳ ಕಡೆ ನಕ್ಕ. "ನೀವು ಮಾಲೀಕರು, ನಾನು ಡ್ರೈವರು. ಮೊದಲಿಂದ ಹಾಗೇ ತಾನೆ? ಕಚೇರೀಲೂ ಅದನ್ನೇ ಹೇಳಿ ಬಂದಿದ್ದೀನಿ."

ಬ್ರೆಡ್ಡಕ್ಕನ ಪಿತ್ತ ನೆತ್ತಿಗೇರಿತು. ಎರಡು ಬಿಗಿಯಬೇಕು ಅನ್ನಿಸಿತು. ಅವಳ ಕೈ ಉಗ್ರಾಣದ ಹಿಟ್ಟಿನ ಮೂಟೆ ಎತ್ತಿ ಪಳಗಿದ್ದು, ಬಿಗಿದಿದ್ದರೆ ಕಾಲರ್ ಮಾತ್ರವಲ್ಲ ದವಡೆಯೂ ನೆಟ್ಟಗಿರುತ್ತಿರಲಿಲ್ಲ. ಆದರೆ ಕಣ್ಣಲ್ಲಿ ನೀರು ಬಂದುಬಿಡುತ್ತದೆ ಎಂಬ ಹೆದರಿಕೆಗೆ ಬೆನ್ನು ತಿರುಗಿಸಿ ವಾಪಸು ಬಂದಳು. ತನ್ನ ತಟ್ಟೆಯಲ್ಲೇ ಪಾಲು ಉಂಡವನು ಹೀಗೆ ಕೈ ತೊಳೆದುಕೊಂಡದ್ದು ಅವಳಿಗೆ ತೆರಿಗೆಗಿಂತ ಹೆಚ್ಚು ನೋವು ಕೊಟ್ಟಿತ್ತು.

ಮೊದಲ ವಿಚಾರಣೆ ಮೇಲಿನ ಮಹಡಿಯ ಉದ್ದನೆಯ ಕೋಣೆಯಲ್ಲಿ ನಡೆಯಿತು. ವಿಚಾರಣಾಧಿಕಾರಿ ನಡುವಯಸ್ಸಿನ ಹೆಂಗಸು, ಅವರಿಗೆ ಜೋರು ನೆಗಡಿ. ಮಾತಿನ ಮಧ್ಯೆ ಸೀನಿ, ಫ್ಲಾಸ್ಕಿನಿಂದ ಬಿಸಿನೀರು ಬಗ್ಗಿಸಿ ಕುಡಿಯುತ್ತಿದ್ದರು. ಮುಖ ಗಂಟಾಗಿದ್ದರೂ ಮಾತು ನೇರವಾಗಿತ್ತು.

"ನೋಡಿಯಮ್ಮ, ಪುಸ್ತಕದಲ್ಲಿ ಹೆಸರಿದ್ದವರೇ ಒಡೆಯರು ಅಂತ ಕಾನೂನು ಮೊದಲು ಅಂದ್ಕೊಳ್ಳುತ್ತೆ. ಮಾರಿಬಿಟ್ಟಿದ್ದೆ, ಗಾಡಿ ಅವನ ಕೈಯಲ್ಲಿತ್ತು, ಅವನದ್ದಾಗೇ ಓಡ್ತಿತ್ತು ಅಂತ ನೀವು ತೋರಿಸಿಕೊಟ್ರೆ ತೆರಿಗೆ ಅವನ ತಲೆ ಮೇಲೆ. ತೋರಿಸೋ ಭಾರ ನಿಮ್ಮದು."

ಬ್ರೆಡ್ಡಕ್ಕ ಹೊಸ ಬಡಾವಣೆಯಿಂದ ನಿವೃತ್ತ ನರ್ಸಮ್ಮ ಒಬ್ಬರನ್ನು ಸಾಕ್ಷಿಗೆ ಕರೆತಂದಿದ್ದಳು. ಆ ನರ್ಸಮ್ಮ ಎದ್ದು ನಿಂತು, ನೀಲಿ ವ್ಯಾನಿಗೆ ಬ್ರೆಡ್ಡಕ್ಕನ ಹಾರನ್ ಇರಲಿಲ್ಲ, ಬೇರೆಯದೇ ಇತ್ತು ಎಂದು ಸ್ಪಷ್ಟವಾಗಿ ಹೇಳಿದರು. ಹಾರನ್ ಬಿಚ್ಚುವ ಪದ್ಧತಿಯನ್ನು ಬ್ರೆಡ್ಡಕ್ಕ ವಿವರಿಸಿದಳು. ಅಧಿಕಾರಿ ತಾಳ್ಮೆಯಿಂದ ಕೇಳಿದರು.

"ಚೆನ್ನಾಗಿದೆ. ಆದ್ರೆ ಮಾಲೀಕರೂ ಹಾರನ್ ಬದಲಾಯಿಸಬಹುದಲ್ವಾ? ಅವನು, ಅಕ್ಕನೇ ಹೊಸ ಹಾರನ್ ಹಾಕಿಸಿದ್ರು ಅಂತಾನೆ. ನಿಮ್ಮ ಪದ್ಧತಿ ನನಗೆ ಗೊತ್ತಿಲ್ಲ, ಕಾನೂನಿಗೂ ಗೊತ್ತಿಲ್ಲ. ನಿಮ್ಮ ಕಸುಬಿನವರು ಯಾರಾದ್ರೂ ಮಾರಾಟ ಕಣ್ಣಾರೆ ನೋಡಿದವರು ಇದ್ರೆ ಮುಂದಿನ ಸಲ ಕರ್ಕೊಂಡು ಬನ್ನಿ."

ಇದ್ದರು. ಆ ದಿನ ಹಾರನ್ ಬಿಚ್ಚುವುದನ್ನು ನೋಡಿ, ಬಿಸಿ ಬ್ರೆಡ್ಡಿಗೆ ಬೆಣ್ಣೆ ಸವರಿಕೊಂಡು ತಿಂದು ಹೋದವರು ಒಂದು ಗಾಡಿ ತುಂಬ ಇದ್ದರು. ಬ್ರೆಡ್ಡಕ್ಕ ಒಬ್ಬೊಬ್ಬರ ಮನೆಗೂ ಹೋದಳು. ಒಬ್ಬನಿಗೆ ಬೆನ್ನುನೋವು, ಇನ್ನೊಬ್ಬನಿಗೆ ಅವತ್ತೇ ಹಲ್ಲು ಕೀಳಿಸಬೇಕಿತ್ತು, ಮತ್ತೊಬ್ಬನಿಗೆ ಏನೂ ನೆನಪೇ ಇಲ್ಲ. ಕೊನೆಗೆ ಎಲ್ಲರಿಗಿಂತ ಹಿರಿಯ, ಎಲ್ಲರೂ ತಾತ ಎಂದು ಕರೆಯುವ ಬ್ರೆಡ್ ಮಾರುವವನು ಬಾಗಿಲು ಹಾಕಿಕೊಂಡು ಪಿಸುಗುಟ್ಟಿದ.

"ನಾವೆಲ್ಲ ಹಾಗೇ ಮಾರಿದವರೇ ಕಣಮ್ಮ. ನನ್ನ ಹೆಸರಲ್ಲಿ ಎಷ್ಟು ಗಾಡಿ ಎಲ್ಲೆಲ್ಲಿ ಓಡ್ತಿವೆಯೋ ನಂಗೇ ಗೊತ್ತಿಲ್ಲ. ಅಲ್ಲಿಗೆ ಬಂದು ಬಾಯಿ ಬಿಟ್ರೆ, ನಿನ್ನ ಹಳೇ ಗಾಡಿ ಎಲ್ಲಪ್ಪಾ ಅಂತ ನನ್ನೇ ಕೇಳ್ತಾರೆ. ಬೈಕೋಬೇಡ."

ಅವಳು ಬೈದುಕೊಂಡಳು. ದಾರಿಯುದ್ದಕ್ಕೂ ಬೈದುಕೊಂಡಳು.

ಗಾಡಿಯಿಲ್ಲದ ದಿನಗಳನ್ನು ನೆನೆಸಿಕೊಂಡರೆ ಅವಳಿಗೆ ಈಗಲೂ ಭುಜ ನೋಯುತ್ತದೆ. ತರಕಾರಿಯವಳ ತಳ್ಳುಗಾಡಿಯನ್ನು ಕೇಳಿ ತಂದು, ಬ್ರೆಡ್ ಜೋಡಿಸಿ, ಮೇಲೆ ಬಟ್ಟೆ ಹೊದಿಸಿ ತಳ್ಳಿದಳು. ಹತ್ತಿರದ ಬೀದಿಗಳಿಗೆ ಹೇಗೋ ಆಯಿತು. ದಿಣ್ಣೆ ಹತ್ತಿ ಆಚೆಗಿರುವ ದೂರದ ಬೀದಿಗಳಿಗೆ ಆಗಲಿಲ್ಲ, ಹೋಗಿ ಮುಟ್ಟುವಷ್ಟರಲ್ಲಿ ಜನ ಕೆಲಸಕ್ಕೆ ಹೋಗಿರುತ್ತಿದ್ದರು. ಅವು ಅವಳ ಗಂಡನ ಕಾಲದಿಂದ ಬಂದ ಬೀದಿಗಳು. ಅಲ್ಲಿಯವರು ಎಷ್ಟು ದಿನ ಅಂತ ಕಾಯುತ್ತಾರೆ, ಮರೆತಿರುತ್ತಾರೆ ಎಂದು ಅವಳು ದಿನಾ ಲೆಕ್ಕ ಹಾಕುತ್ತಿದ್ದಳು. ನಾದಿನಿ ಅರ್ಧ ಒಲೆಗೆ ಮಾತ್ರ ಬೆಂಕಿ ಹಾಕುತ್ತಿದ್ದಳು. ಮಿಕ್ಕ ಬ್ರೆಡ್ಡನ್ನು ಇಬ್ಬರೂ ಮೂರು ಹೊತ್ತೂ ತಿಂದು, ಕೊನೆಗೆ ಅದರ ಮುಖ ನೋಡಿದರೆ ವಾಕರಿಕೆ ಬರುವಂತಾಯಿತು.

ಎರಡನೆಯ ವಿಚಾರಣೆಯೇ ಕೊನೆಯದು ಎಂದು ತಿಳಿಸಿದ್ದರು. ಸಾಕ್ಷಿಯಿಲ್ಲ. ನಾದಿನಿಯನ್ನು ಧೈರ್ಯಕ್ಕೆ ಕರೆದುಕೊಂಡು ಬ್ರೆಡ್ಡಕ್ಕ ಆ ಉದ್ದನೆಯ ಕೋಣೆಗೆ ಹೋದಳು. ಸ್ವಲ್ಪ ಹೊತ್ತಿಗೆ ಹಿಂದಿನ ಬಾಗಿಲಿಂದ ಒಬ್ಬೊಬ್ಬರಾಗಿ ಬ್ರೆಡ್ ಮಾರುವವರು ಬಂದು ಕೊನೆಯ ಬೆಂಚಿನಲ್ಲಿ ಸಾಲಾಗಿ ಕೂತರು. ತಾತನೂ ಇದ್ದ. ಸಾಕ್ಷಿ ಹೇಳಲು ಬೆನ್ನುನೋವಿದ್ದವರಿಗೆ ತಮಾಷೆ ನೋಡಲು ಬೆನ್ನು ಸರಿಯಾಗಿತ್ತು.

ದೊರೆ ಹೊಸ ಅಂಗಿ ತೊಟ್ಟು ಬಂದಿದ್ದ. ಬೆಂಚಿನವರಿಗೆ ಕೈ ಎತ್ತಿ, ಕಾಲರ್ ಸರಿಮಾಡಿಕೊಂಡು, ಅಧಿಕಾರಿಯ ಮುಂದೆ ನಿಂತ.

"ಹೇಳಿ, ಆ ಗಾಡಿಗೂ ನಿಮಗೂ ಏನು ಸಂಬಂಧ?"

"ನಾನು ಡ್ರೈವರ್ ಮೇಡಂ. ಅಕ್ಕ ಸಂಬಳ ಕೊಡ್ತಿದ್ರು, ಓಡಿಸ್ತಿದ್ದೆ. ಗಾಡಿ, ವ್ಯಾಪಾರ, ಎಲ್ಲ ಅವರದ್ದು."

ಬ್ರೆಡ್ಡಕ್ಕ ಅವನನ್ನೇ ನೋಡುತ್ತಿದ್ದಳು. ಉಳಿದ ಮಾತೆಲ್ಲ ಗಟ್ಟಿಯಾಗಿ ಆಡುವವನು 'ಡ್ರೈವರ್' ಎಂಬ ಒಂದು ಮಾತನ್ನು ಮಾತ್ರ ಗಂಟಲಲ್ಲೇ ನುಂಗಿದ್ದ. ಅಧಿಕಾರಿ ಇನ್ನೊಮ್ಮೆ ಕೇಳಿದಾಗಲೂ ಹಾಗೇ ಮಾಡಿದ. ಹೇಳುವಾಗ ಅವನ ಕಣ್ಣು ಹಿಂದಿನ ಬೆಂಚಿನ ಕಡೆ ಒಂದು ಗಳಿಗೆ ಹೊರಳಿದ್ದನ್ನು ಅವಳು ನೋಡಿದಳು. ಅವನನ್ನು ಬಲ್ಲವಳು ಅವಳು. ಆ ಬೆಂಚಿನವರ ಎದುರು ಸ್ವಂತ ಹಾರನ್ನಿನವನು ಎಂದು ಮೆರೆದವನು ಅವನು. ಅವರ ಕಿವಿಗೆ ಬೀಳದಂತೆ ಸುಳ್ಳು ಹೇಳಲು ಹೆಣಗುತ್ತಿದ್ದ. ಅವಳ ಎದೆ ಒಮ್ಮೆಗೇ ಹಗುರಾಯಿತು. ಯಾಕೆ ಎಂದು ಪೂರ್ತಿ ತಿಳಿಯುವ ಮೊದಲೇ ಎದ್ದು ನಿಂತಿದ್ದಳು.

"ಮೇಡಂ, ಅವನು ಹೇಳಿದ್ದು ಹಿಂದೆ ಕೂತವರಿಗೆ ಕೇಳಿಸ್ಲಿಲ್ಲ."

"ನನಗೆ ಕೇಳಿಸಿದ್ರೆ ಸಾಕು."

"ಸರಿ ಮೇಡಂ. ಹಾಗಾದ್ರೆ ಒಪ್ಕೊಂಡೆ. ಗಾಡಿ ನಂದೇ. ಅವನು ನನ್ನ ಡ್ರೈವರು. ತೆರಿಗೆ ನಾನೇ ಕಟ್ತೀನಿ."

ನಾದಿನಿ ಅವಳ ತೊಡೆಯನ್ನು ಚರ್ಮ ಕಿತ್ತು ಬರುವಂತೆ ಚಿವುಟಿದಳು. ದೊರೆಗೆ ತನ್ನ ಕಿವಿಯನ್ನೇ ನಂಬಲಾಗಲಿಲ್ಲ, ಮುಖ ಇಷ್ಟಗಲವಾಯಿತು. ಅಧಿಕಾರಿ ಲೇಖನಿ ಕೆಳಗಿಟ್ಟರು.

"ಯೋಚನೆ ಮಾಡಿ ಹೇಳಿ. ಬರ್ಕೊಂಡ್ರೆ ಮುಗೀತು."

"ಬರ್ಕೊಳ್ಳೋಕೆ ಮುಂಚೆ ಒಂದು ಮಾತು ಕೇಳ್ತೀನಿ. ಗಾಡಿ ನಂದು ಅಂದ್ಮೇಲೆ ಅದಕ್ಕೆ ಜೋಡಿಸಿದ್ದ ಹಾರನ್ನೂ ನಂದೇ ಅಲ್ವಾ?"

ಅಧಿಕಾರಿ ಸೀನಿ, ಮೂಗು ಒರೆಸಿಕೊಂಡರು. "ಅವರ ಮಾತಿನ ಪ್ರಕಾರ ಹಾಕಿಸಿದ್ದೂ ನೀವೇ. ನಿಮ್ಮದೇ ಆಗುತ್ತೆ."

"ಅದನ್ನ ಇವನು ನನ್ನ ಗಾಡಿಯಿಂದ ಬಿಚ್ಕೊಂಡು ಹೋಗಿದ್ದಾನೆ ಮೇಡಂ. ಈಗ ಕೆಳಗೆ ಬಾಡಿಗೆ ಆಟೋದಲ್ಲಿದೆ. ಇವತ್ತೇ ವಾಪಸ್ ಕೊಡಿಸಿಬಿಡಿ." ಬ್ರೆಡ್ಡಕ್ಕ ಬೆಂಚಿನ ಕಡೆ ತಿರುಗಿದಳು. ಅವಳ ದನಿ ಈಗ ಬೀದಿಯಲ್ಲಿ ಚಿಲ್ಲರೆ ಕೇಳುವಾಗಿನ ದನಿಯಾಗಿತ್ತು. "ಕೇಳಿಸ್ಕೊಳ್ರಪ್ಪ ಎಲ್ಲರೂ! ಆ ಮೂರು ಸ್ವರದ ಹಾರನ್ ನಂದಂತೆ. ಅದು ಕೂಗಿದ ಬೀದಿಯೆಲ್ಲ ನಂದೇ. ಹೊಸ ಬಡಾವಣೆಗೆ ನಾಳೆಯಿಂದ ನನ್ನ ಗಾಡಿ ಬರುತ್ತೆ. ಇವನನ್ನ ಕೆಲಸದಿಂದ ತೆಗೆದಿದ್ದೀನಿ. ಬೇರೆ ಡ್ರೈವರ್ ಇಟ್ಕೋತೀನಿ."

ಕೊನೆಯ ಬೆಂಚಿನಲ್ಲಿ ಗುಸುಗುಸು ಎದ್ದಿತು. ತಾತ ಕೆಮ್ಮಿ, ಯಾರನ್ನೂ ನೋಡದೆ, ಗೋಡೆಗೆ ಹೇಳುವವನಂತೆ ಹೇಳಿದ.

"ನ್ಯಾಯವಾದ ಮಾತು. ಸಂಬಳದ ಡ್ರೈವರಿಗೆ ಬೀದಿ ಎಲ್ಲಿಂದ ಬರುತ್ತೆ?"

"ಅದೇ ಮತ್ತೆ," ಎಂದ ಹಲ್ಲುನೋವಿನವನು. "ಇಷ್ಟು ದಿನ ನಮ್ಮೆದುರು ಮೀಸೆ ತಿರುವಿದ್ದು ಸಂಬಳಕ್ಕೇನೋ?"

ದೊರೆಯ ಮುಖ ಕಪ್ಪಿಟ್ಟಿತು. ಕತ್ತು ತಿರುಗಿಸದ ಮನುಷ್ಯ ಅವತ್ತು ಕತ್ತು ತಿರುಗಿಸಿದ. ಕಾಲರ್ ಒಂದು ಕಡೆ ಎದ್ದು ನಿಂತಿತು.

"ಯಾರು ಸಂಬಳದವನು? ಏಯ್, ಅದು ನನ್ನ ಹಾರನ್! ನಾನು ಹೊಟ್ಟೆ ಬಟ್ಟೆ ಕಟ್ಟಿ ಮಾಡಿಸಿದ್ದು! ಆ ಬೀದಿಗಳನ್ನ ಕಟ್ಟಿದ್ದು ನಾನು! ಇವಳ ಹಾರನ್ನು ಇವಳು ಅವತ್ತೇ ಬಿಚ್ಕೊಂಡು ಹೋಗ್ಲಿಲ್ವಾ? ಅದೇ ಜಾಗಕ್ಕೆ ನಾನು ನಂದು ಹಾಕಿದ್ದನ್ನ ನೀವೆಲ್ಲ ನಿಂತು ನೋಡ್ಲಿಲ್ವಾ?"

"ಒಂದು ನಿಮಿಷ," ಎಂದರು ಅಧಿಕಾರಿ. ದನಿ ಏರಿಸಲಿಲ್ಲ. "ಅವರು ಅವರ ಹಾರನ್ ಯಾಕೆ ಬಿಚ್ಕೊಂಡು ಹೋದ್ರು?"

"ಗಾಡಿ ಮಾರಿದ ಮೇಲೆ ಬಿಚ್ಕೊಂಡು ಹೋಗದೆ ಇನ್ನೇನು ಮೇಡಂ, ನಂಗೆ ಬಿಟ್ಟು ಹೋಗ್ತಾರಾ?"

ಆಡಿದ ಮೇಲೆ ದೊರೆ ನಾಲಿಗೆ ಕಚ್ಚಿಕೊಂಡ. ಬ್ರೆಡ್ಡಕ್ಕ ಬೆಂಚಿನ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡಳು, ಇಲ್ಲದಿದ್ದರೆ ಕುಣಿದುಬಿಡುತ್ತಿದ್ದಳು.

"ಮೇಡಂ, ಅದು... ಸಿಟ್ಟಿನಲ್ಲಿ ಬಾಯಿ ತಪ್ಪಿ..."

"ಆಯ್ತು. ಬಾಯಿ ತಪ್ಪಿತು ಅಂತಲೇ ಇಟ್ಕೊಳ್ಳೋಣ," ಎಂದರು ಅಧಿಕಾರಿ, ಬಿಸಿನೀರು ಬಗ್ಗಿಸುತ್ತ. "ನಿಮಗೆ ಎರಡು ದಾರಿ ಇದೆ. ಡ್ರೈವರ್ ಅಂದ್ರೆ ಕೆಳಗೆ ಹೋಗಿ ಆ ಹಾರನ್ ಬಿಚ್ಚಿ ತಂದು ಈ ಮೇಜಿನ ಮೇಲಿಡಿ, ಅವರಿಗೆ ಕೊಟ್ಟು ರಸೀತಿ ತಗೋತೀನಿ. ಇಷ್ಟು ವರ್ಷದ ವ್ಯಾಪಾರದ ಲೆಕ್ಕಾನೂ ಅವರಿಗೆ ಒಪ್ಪಿಸಬೇಕಾಗುತ್ತೆ. ಇಲ್ಲ ಹಾರನ್ ನನ್ನದು, ಬೀದಿ ನನ್ನದು ಅನ್ನೋದಾದ್ರೆ ಗಾಡಿನೂ ನಿಮ್ಮದೇ. ಸುಮ್ಮನೆ ಸಿಟ್ಟಲ್ಲಿ ಬೇಡ, ನಿಧಾನವಾಗಿ ಹೇಳಿ."

ದೊರೆ ನೆಲ ನೋಡಿದ. ಕೊನೆಯ ಬೆಂಚನ್ನು ನೋಡಿದ. ಅಲ್ಲಿದ್ದವರೆಲ್ಲ ಅವನ ಬಾಯನ್ನೇ ನೋಡುತ್ತಿದ್ದರು. ತೆರಿಗೆ ಕಟ್ಟಿದರೆ ಕೆಲವು ವರ್ಷ ಕಷ್ಟ, ಹಾರನ್ ಕೊಟ್ಟರೆ ಜೀವನಪೂರ್ತಿ ಆ ಬೆಂಚಿನವರ ನಗು. ಬ್ರೆಡ್ಡಕ್ಕನಿಗೆ ಒಂದು ಗಳಿಗೆ ಅವನನ್ನು ಕಂಡು ಅಯ್ಯೋ ಅನ್ನಿಸಿತು, ಒಂದೇ ಗಳಿಗೆ.

"ಗಾಡಿ ನಂದೇ," ಎಂದ ದೊರೆ. ಈ ಸಲ ಕೊನೆಯ ಬೆಂಚಿಗೂ ಕೇಳಿಸುವಷ್ಟು ಗಟ್ಟಿಯಾಗಿ ಹೇಳಿದ. "ಅಕ್ಕನಿಂದ ಕೊಂಡ್ಕೊಂಡೆ. ಕಾಗದಕ್ಕೂ ಸಹಿ ಹಾಕಿ ಕೊಟ್ಟಿದ್ರು. ಹೆಸರು ಬದಲಾದ್ರೆ ತೆರಿಗೆ ನನ್ನ ಮೇಲೆ ಬರುತ್ತೆ ಅಂತ ನಾನೇ ಕೊಡ್ಲಿಲ್ಲ."

ಅಧಿಕಾರಿ ಬರೆದರು. ಬರೆದದ್ದನ್ನು ಓದಿ ಹೇಳಿ ಸಹಿ ಹಾಕಿಸಿದರು. ಮಾರಾಟವಾದ ದಿನದಿಂದ ಗಾಡಿ ಕೊಂಡವನ ಕೈಯಲ್ಲಿತ್ತು, ಅವನ ಲಾಭಕ್ಕೇ ಓಡಿತು, ಆದ್ದರಿಂದ ಅಂದಿನಿಂದ ಇಂದಿನವರೆಗಿನ ತೆರಿಗೆ, ದಂಡ, ಬಡ್ಡಿ ಎಲ್ಲ ಅವನದೇ. ಬ್ರೆಡ್ಡಕ್ಕನ ಬಿಳಿ ಗಾಡಿಯನ್ನು ತಕ್ಷಣ ಬಿಡಬೇಕು ಎಂದು ಆದೇಶವಾಯಿತು. ನಾದಿನಿ ಕೋಣೆಯಲ್ಲೇ ಅತ್ತಿಗೆಯನ್ನು ತಬ್ಬಿಕೊಂಡು, ಚಿವುಟಿದ ಜಾಗವನ್ನೇ ಮತ್ತೆ ಮತ್ತೆ ಉಜ್ಜಿದಳು.

"ಮುಗಿದಿಲ್ಲ, ಇಲ್ಲಿ ಕೇಳಿ," ಎಂದರು ಅಧಿಕಾರಿ ಬ್ರೆಡ್ಡಕ್ಕನಿಗೆ. "ಮಾರಿದ ಮೇಲೆ ನೀವೂ ಬಂದು ಇಲ್ಲಿ ತಿಳಿಸಬೇಕಿತ್ತು. ತಿಳಿಸಿಲ್ಲ. ಅದಕ್ಕೆ ಸಣ್ಣ ದಂಡ ಇದೆ, ಕೆಳಗೆ ಕಟ್ಟಿ ಹೋಗಿ. ಹಾರನ್ ಬಿಚ್ಕೊಂಡ್ರೆ ನಿಮ್ಮ ಬೀದಿಗೆ ಗೊತ್ತಾಗುತ್ತೆ, ನಮಗೆ ಹೇಗೆ ಗೊತ್ತಾಗ್ಬೇಕು?"

"ತಪ್ಪಾಯ್ತು ಮೇಡಂ. ಕಟ್ತೀನಿ," ಎಂದಳು ಬ್ರೆಡ್ಡಕ್ಕ. ದಂಡ ಕಟ್ಟಲು ಇಷ್ಟು ಸಂತೋಷಪಟ್ಟವರನ್ನು ಕೆಳಗಿನ ಗುಮಾಸ್ತ ತನ್ನ ಕೆಲಸದಲ್ಲೇ ಕಂಡಿರಲಿಲ್ಲ. ಅವಳ ಹಿಂದೆಯೇ ತಾತ, ಬೆನ್ನುನೋವಿನವನು, ಹಲ್ಲುನೋವಿನವನು, ಏನೂ ನೆನಪಿಲ್ಲದವನು ಎಲ್ಲರೂ ಸಾಲು ನಿಂತಿದ್ದರು. ಗಾಡಿ ಮಾರಿದ್ದನ್ನು ತಿಳಿಸುವ ಕಿಟಕಿ ಯಾವುದಪ್ಪ ಎಂದು ತಾತ ಗುಮಾಸ್ತನನ್ನು ಬಹಳ ವಿನಯದಿಂದ ಕೇಳುತ್ತಿದ್ದ.

"ಈಗ ಬಂತೇನೋ ನೆನಪು?" ಎಂದು ಬ್ರೆಡ್ಡಕ್ಕ ಆ ಕೊನೆಯವನನ್ನು ಕೇಳಿದಳು. ಅವನು ಹಲ್ಲು ಗಿಂಜಿದ. ಅವಳಿಗೆ ಸಿಟ್ಟು ಬರಲಿಲ್ಲ. ಅವತ್ತು ಅವಳಿಗೆ ಯಾರ ಮೇಲೂ ಸಿಟ್ಟು ಬರುವ ಹಾಗಿರಲಿಲ್ಲ.

ದೊರೆ ಮೆಟ್ಟಿಲ ಕೆಳಗೆ ಒಬ್ಬನೇ ನಿಂತಿದ್ದ. ಅವಳು ಹತ್ತಿರ ಬಂದಾಗ "ಅಕ್ಕ" ಎಂದ. ಅವನ ಕಾಲರ್ ಇನ್ನೂ ಒಂದು ಕಡೆ ಎದ್ದೇ ಇತ್ತು.

"ಕಂತಿನಲ್ಲಿ ಕಟ್ತೀನಿ ಅಂತ ಮೇಲೆ ಹೋಗಿ ಕೇಳು. ಆ ಮೇಡಂ ಒಳ್ಳೆಯವರು, ಬಿಡ್ತಾರೆ," ಎಂದಳು ಬ್ರೆಡ್ಡಕ್ಕ. "ಮನೆ ಕಡೆ ಮಾತ್ರ ಬರಬೇಡ. ಇನ್ನೂ ಸ್ವಲ್ಪ ದಿನ ನನ್ನ ಕೈ ನನ್ನ ಮಾತು ಕೇಳಲ್ಲ."

ಬಿಳಿ ಗಾಡಿ ಧೂಳು ಹೊದ್ದು ನಿಂತಿತ್ತು. ಯಾವನೋ ಹಿಂದಿನ ಗಾಜಿನ ಮೇಲೆ ಬೆರಳಲ್ಲಿ ಮೀಸೆಯ ಚಿತ್ರ ಬರೆದಿದ್ದ. ನಾದಿನಿ ಅದನ್ನು ಒರೆಸಲು ಹೋದಳು, ಅಷ್ಟರಲ್ಲಿ ಬ್ರೆಡ್ಡಕ್ಕ ಬೀಗದ ಕೈ ತಿರುಗಿಸಿಯೇಬಿಟ್ಟಿದ್ದಳು. ಎಂಜಿನ್ನು ಎರಡು ಸಲ ಗೊಣಗಿ ಮೂರನೆಯ ಸಲಕ್ಕೆ ಹೊತ್ತಿಕೊಂಡಿತು. ಗೇಟು ದಾಟಿ ಮುಖ್ಯರಸ್ತೆಗೆ ಬಂದಾಗ ಮನೆಯ ಕಡೆ ಎಡಕ್ಕೆ ತಿರುಗಬೇಕಿತ್ತು. ಅವಳು ಬಲಕ್ಕೆ ತಿರುಗಿಸಿದಳು.

"ಅತ್ತಿಗೆ, ಎಲ್ಲಿಗೆ? ಗಾಡೀಲಿ ಒಂದು ಚೂರು ಬ್ರೆಡ್ ಇಲ್ಲ."

"ಗೊತ್ತು."

"ಡೀಸೆಲ್ ದಂಡ."

"ಉರೀಲಿ ಬಿಡೇ ಇವತ್ತೊಂದಿನ."

ನಡು ಮಧ್ಯಾಹ್ನ. ಬೀದಿಗಳು ಬಿಸಿಲಿಗೆ ಸುಮ್ಮನೆ ಬಿದ್ದಿದ್ದವು. ಅವಳು ದಿಣ್ಣೆ ಹತ್ತಿಸಿದಳು. ತಳ್ಳುಗಾಡಿಗೆ ಭುಜ ಕೊಟ್ಟು ಅರ್ಧಕ್ಕೇ ಸೋತು ನಿಂತಿದ್ದ ದಿಣ್ಣೆ ಅದು. ಈಗ ಗಾಡಿ ಉಸಿರೂ ಬಿಡದೆ ಹತ್ತಿತು. ಆಚೆ ಕಡೆಯ ಮೊದಲ ಬೀದಿಯ ತಿರುವಿನಲ್ಲಿ ಅವಳ ಕೈ ಹಾರನ್ನಿನ ಮೇಲೆ ಹೋಯಿತು, ಒತ್ತಲು ಹೆದರಿತು. ಯಾರೂ ಬಾರದಿದ್ದರೆ ಎಂಬ ಹೆದರಿಕೆ. ವಿಚಾರಣೆಯ ಕೋಣೆಯಲ್ಲೂ ಅವಳು ಅಷ್ಟು ಹೆದರಿರಲಿಲ್ಲ. ಕಣ್ಣು ಮುಚ್ಚಿ ಒತ್ತಿದಳು.

ಒಂದು ಬಾಗಿಲು ತೆರೆಯಿತು. ಇನ್ನೊಂದು ತೆರೆಯಿತು. ಮಲಗಿದ್ದವರು ಕೂದಲು ಕಟ್ಟಿಕೊಳ್ಳುತ್ತ, ಊಟಕ್ಕೆ ಕೂತವರು ಎಂಜಲು ಕೈಯಲ್ಲೇ, ಚೀಲ ಹಿಡಿದು ಹೊರಗೆ ಬಂದರು. ಮಹಡಿಯ ಮೇಲಿಂದ ಯಾರೋ "ಬಂದ್ಳು, ಬಂದ್ಳು" ಎಂದು ಒಳಗಿನವರಿಗೆ ಕೂಗಿ ಹೇಳುತ್ತಿದ್ದರು. ನೋಡನೋಡುತ್ತ ಗಾಡಿಯ ಸುತ್ತ ಗುಂಪು ಸೇರಿತು.

"ಇದೇನು ಈ ಹೊತ್ತಲ್ಲಿ? ಇಷ್ಟು ದಿನ ಎಲ್ಲಿ ಹಾಳಾಗಿ ಹೋಗಿದ್ದೆ?" ಎಂದು ಮುದುಕಿಯೊಬ್ಬಳು ಚೀಲ ಮುಂದೆ ಚಾಚಿದಳು. "ಕೊಡು ಮೊದ್ಲು ಒಂದು ಬ್ರೆಡ್."

"ಬ್ರೆಡ್ ಇಲ್ಲ ಅಜ್ಜಿ. ಗೆದ್ದೆ. ಅದನ್ನ ಹೇಳೋಕೆ ಬಂದೆ."

ಇಷ್ಟು ಹೇಳಿ ಬ್ರೆಡ್ಡಕ್ಕ ಸ್ಟೇರಿಂಗಿಗೆ ತಲೆಯಿಟ್ಟು ಬಿಕ್ಕಿ ಬಿಕ್ಕಿ ಅತ್ತಳು. ದೊರೆಯ ಮನೆ ಮುಂದೆ ನುಂಗಿಕೊಂಡದ್ದು, ದಿಣ್ಣೆಯ ಮೇಲೆ ನುಂಗಿಕೊಂಡದ್ದು, ಎಲ್ಲ ಒಟ್ಟಿಗೇ ಹೊರಬಂತು. ಯಾವ ಮೊಕದ್ದಮೆ, ಯಾರ ಮೇಲೆ, ಏನು ಗೆದ್ದಳು ಎಂದು ಆ ಗುಂಪಿನಲ್ಲಿ ಯಾರಿಗೂ ಗೊತ್ತಿರಲಿಲ್ಲ. ಆದರೂ ಒಬ್ಬರು ಚಪ್ಪಾಳೆ ಹೊಡೆದರು, ಆಮೇಲೆ ಇಡೀ ಬೀದಿ ಹೊಡೆಯಿತು. ಮುದುಕಿ ಕಿಟಕಿಯೊಳಗೆ ಕೈ ಹಾಕಿ ಅವಳ ಬೆನ್ನು ಸವರಿದಳು.

"ಆಯ್ತು, ಅತ್ತಿದ್ದು ಸಾಕು. ನಾಳೆ ಎಷ್ಟು ಹೊತ್ತಿಗೆ ಬರ್ತೀಯ, ಅದನ್ನ ಹೇಳು."

"ಮೊದಲಿನ ಹೊತ್ತಿಗೇ ಅಜ್ಜಿ," ಎಂದಳು ಬ್ರೆಡ್ಡಕ್ಕ, ತೋಳಿನಿಂದ ಮೂಗು ಒರೆಸಿಕೊಂಡು.

ನಾದಿನಿ ಆಗಲೇ ಗಾಡಿಯಿಂದಿಳಿದು, ಯಾರ್ಯಾರಿಗೆ ಎಷ್ಟೆಷ್ಟು ಬೇಕು ಎಂದು ಕೇಳುತ್ತ ನಿಂತಿದ್ದಳು. ಮರುದಿನ ಬೆಳಿಗ್ಗೆ ಒಲೆಗೆ ಪೂರ್ತಿ ಬೆಂಕಿ ಹಾಕಬೇಕಿತ್ತು.